ಕಾಲ ಕೆಳಗಿನ ಚಳಿ

ಇಂಗ್ಲೆಂಡಿನಲ್ಲಿ ಹಳೆ ಮನೆ ಕೊಂಡವರು ಚಳಿ ತಡೆಯಲು ಮೊದಲು ಕಿಟಕಿ ಬದಲಿಸುತ್ತಾರೆ. ಆಮೇಲೆ ಅಟ್ಟದಲ್ಲಿ ಶಾಖ ಸೋರದಂತೆ ತಡೆಯುವ ಇನ್ಸುಲೇಷನ್ ಹಾಸುತ್ತಾರೆ. ನೆಲದ ಸರದಿ ಬರುವುದೇ ಅಪರೂಪ. ದಪ್ಪ ಕಾರ್ಪೆಟ್ ಹಾಸಿ ಅದರ ಮೇಲೆ ಸೋಫಾ ಇಟ್ಟುಬಿಟ್ಟರೆ ಮುಗಿಯಿತು. ಬರೀ ಲೆಕ್ಕ ನೋಡಿದರೆ ಇದು ಸರಿಯೇ. ಚಾವಣಿ, ಗೋಡೆಗಳಿಂದ ಹೋಗುವಷ್ಟು ಶಾಖ ನೆಲದಿಂದ ಹೋಗುವುದಿಲ್ಲ.

ಆದರೆ ನಾವು ನೆಲವನ್ನು ಬಳಸುವ ರೀತಿ ಬೇರೆ, ಅಲ್ವಾ? ಅಮ್ಮ ಊರಿಂದ ಬಂದರೆ ಸೋಫಾ ಬಿಟ್ಟು ಚಾಪೆ ಹುಡುಕುತ್ತಾಳೆ. ಬೀನ್ಸ್ ಸೋಸುವುದು, ಹೂ ಕಟ್ಟುವುದು, ಫೋನಿನಲ್ಲಿ ಅಕ್ಕನ ಜೊತೆ ಹರಟುವುದು ಎಲ್ಲ ನೆಲದ ಮೇಲೇ. ಹಬ್ಬಕ್ಕೆ ನಾಲ್ಕು ಮನೆಯವರು ಸೇರಿದರೆ ಸಾಲಾಗಿ ಕೂತು ಊಟ. ಮಗು ಅಂಬೆಗಾಲಿಡುವ ಕಾಲದಲ್ಲಂತೂ ಇಡೀ ದಿನ ನೆಲದ ಮೇಲೇ ಕಳೆಯುತ್ತದೆ. ಥರ್ಮೋಸ್ಟಾಟ್ ಗೋಡೆಯ ಮೇಲೆ ಎದೆಯೆತ್ತರದಲ್ಲಿ ಇರುತ್ತದೆ. ಅದು 19 ಡಿಗ್ರಿ ಅನ್ನುತ್ತದೆ. ನೆಲದ ಮೇಲೆ ಕೂತವರಿಗೆ ಆ 19ರಿಂದ ಏನೂ ಸಿಗುವುದಿಲ್ಲ. ಹಾಗಾಗಿ ನಮ್ಮ ಮನೆಯಲ್ಲಿ ನೆಲದ ಇನ್ಸುಲೇಷನ್ ಬಗ್ಗೆ ಮಾತು ಶುರುವಾದಾಗ, ಗ್ಯಾಸ್ ಬಿಲ್ ಎಷ್ಟು ಉಳಿಯುತ್ತದೆ ಅನ್ನುವುದು ಎರಡನೇ ಪ್ರಶ್ನೆಯಾಗಿತ್ತು. 2022ರ ಅಕ್ಟೋಬರಿನಲ್ಲಿ ಸರ್ಕಾರ ಮಧ್ಯೆ ಬಂದು, ಸಾಧಾರಣ ಮನೆಯೊಂದರ ವರ್ಷದ ಗ್ಯಾಸ್–ಕರೆಂಟ್ ಖರ್ಚು 2,500 ಪೌಂಡಿನ ಆಸುಪಾಸಿನಲ್ಲಿ ನಿಲ್ಲುವಂತೆ ದರ ಹಿಡಿದಿಡಬೇಕಾಗಿ ಬಂತು. ಅದರ ಬಿಸಿ ನಮಗೂ ತಟ್ಟಿತ್ತು, ನಿಜ. ಆದರೂ ಮೊದಲ ಪ್ರಶ್ನೆ ಚಾಪೆಯದ್ದೇ.

ನಮ್ಮದು ಶೆಫೀಲ್ಡ್‌ನಲ್ಲಿರುವ 1890ರ ದಶಕದ ಸಾಲುಮನೆ. ಇಂಗ್ಲೆಂಡಿನಲ್ಲಿ ಸುಮಾರು ಐದರಲ್ಲೊಂದು ಮನೆ 1919ಕ್ಕಿಂತ ಹಳೆಯದು, ಆದ್ದರಿಂದ ಇದೇನೂ ವಿಶೇಷದ ಮನೆಯಲ್ಲ. ಇಂಥ ಮನೆಗಳಲ್ಲಿ ಕೆಳಗಿನ ಕೋಣೆಯ ನೆಲ ಮಣ್ಣಿನ ಮೇಲೆ ಕೂತಿರುವುದಿಲ್ಲ. ಮಣ್ಣಿಗೂ ನೆಲಕ್ಕೂ ನಡುವೆ ಖಾಲಿ ಜಾಗ ಬಿಟ್ಟು, ಗೋಡೆಯಿಂದ ಗೋಡೆಗೆ ಮರದ ಜಂತೆ ಇಟ್ಟು, ಅದರ ಮೇಲೆ ಪೈನ್ ಹಲಗೆ ಹೊಡೆದಿರುತ್ತಾರೆ. ಬಳ್ಳಾರಿ, ಕೊಪ್ಪಳ ಕಡೆಯ ಮಣ್ಣಿನ ಮಾಳಿಗೆ ಮನೆ ನೋಡಿದವರಿಗೆ ತೊಲೆ–ಜಂತೆ ಹೊಸದಲ್ಲ. ಅಲ್ಲಿ ಅವು ತಲೆಯ ಮೇಲಿರುತ್ತವೆ, ಇಲ್ಲಿ ಕಾಲ ಕೆಳಗೆ.

ಮನೆಯ ಮುಂಭಾಗದ ಕೋಣೆಯ ಅಡಿಯಲ್ಲಿ ಸೆಲ್ಲರ್, ಅಂದರೆ ನೆಲಮಾಳಿಗೆ ಇದೆ. ಹಿಂದೆ ಅಲ್ಲಿ ಕಲ್ಲಿದ್ದಲು ಸುರಿಯುತ್ತಿದ್ದರು. ಫ್ರಿಜ್ ಇಲ್ಲದ ಕಾಲದಲ್ಲಿ ಹಾಲು, ಮಾಂಸ ಇಡುತ್ತಿದ್ದ ಕಲ್ಲಿನ ಕಟ್ಟೆ ಇವತ್ತಿಗೂ ಹಾಗೇ ಇದೆ. ಹಿಂದಿನ ಕೋಣೆಯ ಅಡಿಯಲ್ಲಿ ಮಂಡಿಯೆತ್ತರದ ಟೊಳ್ಳು ಮಾತ್ರ. ಅದರಾಚೆ ಅಡುಗೆಮನೆ, ಆಮೇಲೆ ಸೇರಿಸಿದ್ದು. ಅದರ ನೆಲ ಗಟ್ಟಿ ಕಾಂಕ್ರೀಟು. ಒಂದೇ ಸಣ್ಣ ಮನೆ, ಮೂರು ಥರದ ನೆಲ.

ನೆಲ ಇಲ್ಲಿ ಯಾಕೆ ಇಷ್ಟು ಕಾಡುತ್ತದೆ? ಊರಲ್ಲಿ ನಮಗೆ ತಣ್ಣನೆ ನೆಲ ಅಂದರೆ ಇಷ್ಟ. ಮಧ್ಯಾಹ್ನ ರೆಡ್ ಆಕ್ಸೈಡ್ ನೆಲದ ಮೇಲೆ ಬರೀ ಬೆನ್ನಲ್ಲಿ ಮಲಗುವ ಸುಖ ಯಾರು ಮರೆಯುತ್ತಾರೆ! ಇದರ ಹಿಂದಿನ ಕಾರಣ ಸರಳ. ಕೆಲವು ಮೀಟರ್ ಆಳಕ್ಕೆ ಹೋದರೆ ಮಣ್ಣಿನ ಉಷ್ಣತೆ ವರ್ಷವಿಡೀ ಹೆಚ್ಚು ಬದಲಾಗುವುದಿಲ್ಲ. ಆ ಊರಿನ ಇಡೀ ವರ್ಷದ ಸರಾಸರಿ ಉಷ್ಣತೆ ಎಷ್ಟೋ, ಹೆಚ್ಚುಕಡಿಮೆ ಅಷ್ಟೇ ಇರುತ್ತದೆ. ಬೆಂಗಳೂರಿನಲ್ಲಿ ಅದು ಸುಮಾರು 24 ಡಿಗ್ರಿ. ಶೆಫೀಲ್ಡ್‌ನಲ್ಲಿ ಸುಮಾರು 10. ಅಂದರೆ ಬೆಂಗಳೂರಿನ ನೆಲ ಏಪ್ರಿಲ್ ಬಿಸಿಲಲ್ಲಿ ಮನೆಯ ಶಾಖವನ್ನು ಹಿತವಾಗಿ ಹೀರಿಕೊಳ್ಳುತ್ತದೆ. ಇಲ್ಲಿಯ ನೆಲ ವರ್ಷದ ಬಹುಪಾಲು ನಾವು ದುಡ್ಡು ಕೊಟ್ಟು ತಂದ ಶಾಖವನ್ನು ಹೀರುತ್ತಲೇ ಇರುತ್ತದೆ.

ಊರಲ್ಲಿ ಮನೆ ಕಟ್ಟಿಸುತ್ತಿರುವ ತಮ್ಮ, ನಾವು ಇಲ್ಲಿ ನೆಲದಡಿ ಶಾಖ ತಡೆಯುವ ಫೋಮ್ ಬೋರ್ಡು ಹಾಕಿದ ಕೆಲಸದ ಫೋಟೋ ನೋಡಿ, "ಅಣ್ಣಾ, ನಾವೂ ನೆಲಕ್ಕೆ ಹಾಕಿಸೋಣವಾ?" ಅಂತ ಕೇಳಿದ. ಬೇಡ ಅಂದೆ. ಬಯಲುಸೀಮೆಯಲ್ಲಿ ನೆಲ ನಮ್ಮ ಕಡೆಯೇ ಇದೆ, ಅದನ್ನು ದೂರ ಮಾಡಿಕೊಳ್ಳಬಾರದು. ಅಲ್ಲಿ ತೊಂದರೆ ಕೊಡುವುದು ಆರ್‌ಸಿಸಿ ಟೆರೇಸು. ಹಗಲಿಡೀ ಕಾದು ರಾತ್ರಿ ಮಲಗುವ ಹೊತ್ತಿಗೆ ಕೆಳಗೆ ಶಾಖ ಬಿಡುತ್ತದೆ. ಇದೇ ಜಾತಿಯ ಬೋರ್ಡನ್ನು ವಾಟರ್‌ಪ್ರೂಫಿಂಗ್ ಮೇಲೆ ಹಾಸಿ, ಅದರ ಮೇಲೆ ಗಾರೆ ಮತ್ತು ಬಿಳಿ ಟೈಲ್ಸ್ ಹಾಕಿಸಿದರೆ ದುಡ್ಡು ಸಾರ್ಥಕ. ರಾಯಚೂರು, ಕಲಬುರಗಿಯ ಮಾಳಿಗೆ ಮನೆಗಳ ದಪ್ಪ ಮಣ್ಣಿನ ಚಾವಣಿ ಮಾಡುತ್ತಿದ್ದದ್ದೂ ಇದೇ ಕೆಲಸ.

ನಮ್ಮ ನೆಲಕ್ಕೆ ಬರುತ್ತೇನೆ. ಇದರಲ್ಲಿ ಬೋರ್ಡಿಗಿಂತ ಮೊದಲು ಅರ್ಥ ಮಾಡಿಕೊಳ್ಳಬೇಕಾದ್ದು ಏರ್ ಬ್ರಿಕ್. ಹೊರಗೋಡೆಯ ಬುಡದಲ್ಲಿ, ತೂತುಗಳಿರುವ ಒಂದೊಂದು ಇಟ್ಟಿಗೆ ಅಥವಾ ಎರಕದ ಕಬ್ಬಿಣದ ಜಾಲರಿ ಇರುತ್ತದೆ. ಮನೆಯ ಮುಂದೆ ಕೆಲವು, ಹಿಂದೆ ಕೆಲವು. ಒಂದು ಕಡೆಯಿಂದ ಗಾಳಿ ನುಗ್ಗಿ, ನೆಲದಡಿಯ ಟೊಳ್ಳಿನಲ್ಲಿ ಓಡಾಡಿ, ಇನ್ನೊಂದು ಕಡೆ ಹೊರಗೆ ಹೋಗುತ್ತದೆ. ಹೋಗುವಾಗ ಮಣ್ಣಿನಿಂದ ಏಳುವ ತೇವವನ್ನು ತಗೊಂಡು ಹೋಗುತ್ತದೆ. ನೂರು ವರ್ಷಕ್ಕೂ ಹೆಚ್ಚು ಕಾಲ ಈ ಜಂತೆಗಳು ಕೊಳೆಯದೆ ಉಳಿದದ್ದು ಆ ತೂತುಗಳ ಪುಣ್ಯದಿಂದ. ಕಟ್ಟಿದವರಿಗೆ ಅದು ಚೆನ್ನಾಗಿ ಗೊತ್ತಿತ್ತು. ಅವರ ಕಾಲದಲ್ಲಿ ಕೋಣೆಗೊಂದು ಕಲ್ಲಿದ್ದಲ ಒಲೆ ಉರಿಯುತ್ತಿತ್ತು. ಹಲಗೆ ಸಂದಿಯಿಂದ ಬರುವ ಗಾಳಿ ಆ ಒಲೆಗೆ ಬೇಕೂ ಆಗಿತ್ತು.

ಈಗ ಒಲೆ ಇಲ್ಲ. ಗಾಳಿ ಮಾತ್ರ ಬರುತ್ತಲೇ ಇದೆ. ಜನ ಏನು ಮಾಡುತ್ತಾರೆ ಅಂದರೆ, ಚಳಿ ತಡೆಯಲಾರದೆ ಏರ್ ಬ್ರಿಕ್ ಮುಚ್ಚಿಬಿಡುತ್ತಾರೆ. ನಮ್ಮ ಹಿಂದಿನ ಗೋಡೆಯಲ್ಲೂ ಯಾರೋ ಒಂದಕ್ಕೆ ಸಿಮೆಂಟ್ ಮೆತ್ತಿದ್ದರು. ಇನ್ನೊಂದರ ಅರ್ಧ ಅಂಗಳದ ಮಣ್ಣಿನಲ್ಲಿ ಹೂತುಹೋಗಿತ್ತು. ಇದನ್ನು ನೋಡಿದರೆ ನನಗೆ ನಿಜಕ್ಕೂ ಸಂಕಟ ಆಗುತ್ತದೆ. ಮರದಲ್ಲಿ ತೇವ ಶೇಕಡ 20 ದಾಟಿ ಹಾಗೇ ನಿಂತರೆ ಶಿಲೀಂಧ್ರ ಹತ್ತಲು ಅನುಕೂಲ. ಡ್ರೈ ರಾಟ್ ಅನ್ನುವ ಶಿಲೀಂಧ್ರ ಹತ್ತಿಕೊಂಡರೆ ಮರ ಚೌಕಚೌಕವಾಗಿ ಬಿರಿದು ಪುಡಿಯಾಗುತ್ತದೆ. ಅದು ಇಟ್ಟಿಗೆ ಗೋಡೆಯನ್ನೂ ದಾಟಿ ಪಕ್ಕದ ಮರಕ್ಕೆ ಹೋಗಬಲ್ಲದು. ಕೆಲವು ವರ್ಷ ಬೆಚ್ಚಗಿರಲು ಹೋಗಿ ನೆಲವನ್ನೇ ಕಳೆದುಕೊಂಡವರು ಇದ್ದಾರೆ.

ಆದ್ದರಿಂದ ಮೊದಲ ಕೆಲಸ ಸಿಮೆಂಟ್ ಕೆತ್ತುವುದು, ಮಣ್ಣು ತಗ್ಗಿಸುವುದು, ತೂತುಗಳಲ್ಲಿ ಸೇರಿದ್ದ ಜೇಡರ ಬಲೆ, ಎಲೆ, ಕಸ ತೆಗೆಯುವುದು. ಫೋಮ್ ಹಾಕುವ ಮುಂಚೆ ಮನೆಯ ಅಡಿಯಲ್ಲಿ ಗಾಳಿಯನ್ನು ಹೆಚ್ಚು ಮಾಡಿದೆವು. ಕೇಳುವವರಿಗೆ ಇದು ಉಲ್ಟಾ ಅನ್ನಿಸಬಹುದು. ಆದರೆ ಈ ಕೆಲಸದ ಜೀವ ಇರುವುದೇ ಇಲ್ಲಿ. ಇನ್ಸುಲೇಷನ್ ಹಾಕಿದ ಮೇಲೆ ಮನೆಯ ಬಿಸಿ ಕೆಳಗೆ ಸೋರುವುದಿಲ್ಲ. ಅಡಿಯ ಟೊಳ್ಳು ಮೊದಲಿಗಿಂತ ತಣ್ಣಗಾಗುತ್ತದೆ. ತಣ್ಣಗಿರುವ ಜಾಗದಲ್ಲಿ ತೇವ ಬೇಗ ಕೂರುತ್ತದೆ. ಮೊದಲು ಸಾಲುತ್ತಿದ್ದ ಗಾಳಿ ಆಮೇಲೆ ಸಾಲದೇ ಹೋಗಬಹುದು.

ಎರಡನೆಯದು ಜಂತೆಗಳ ತುದಿ. ಅವು ಹೊರಗೋಡೆಯ ಇಟ್ಟಿಗೆಯೊಳಗೆ ಹೂತಿರುತ್ತವೆ. ಗೋಡೆ ಮಳೆಗೆ ನೆನೆದರೆ ತುದಿಯೂ ನೆನೆಯುತ್ತದೆ. ಎರಡು ಸೂಜಿಗಳಿರುವ ತೇವ ಅಳೆಯುವ ಮೀಟರ್ ಇಲ್ಲಿ ಅಂಗಡಿಯಲ್ಲಿ ಅಗ್ಗಕ್ಕೇ ಸಿಗುತ್ತದೆ. ಚುಚ್ಚಿ ನೋಡಿದರೆ ಬಹುತೇಕ ಜಂತೆಗಳು 20ರ ಕೆಳಗಿದ್ದವು. ಹಿಂದಿನ ಮೂಲೆಯ ಒಂದು ಮಾತ್ರ ಒದ್ದೆ. ಹೊರಗೆ ಹೋಗಿ ನೋಡಿದರೆ ಸರಿಯಾಗಿ ಅದೇ ಮೂಲೆಯಲ್ಲಿ ಚಾವಣಿಯ ನೀರಿಳಿಯುವ ಪೈಪು ಬಿರುಕು ಬಿಟ್ಟಿತ್ತು. ಪೈಪು ಬದಲಿಸಿ, ಗೋಡೆಯ ಸಂದಿಗೆ ಸುಣ್ಣದ ಗಾರೆ ತುಂಬಿಸಿದೆವು. ನಮ್ಮ ಬೀದಿಯಲ್ಲೇ ಇರುವ ವಯಸ್ಸಾದ ಬಡಗಿಯೊಬ್ಬರು ಬಂದು ಮೆತ್ತಗಾಗಿದ್ದ ತುದಿ ಕತ್ತರಿಸಿ, ಪಕ್ಕಕ್ಕೆ ಹೊಸ ಮರ ಜೋಡಿಸಿ ಬೋಲ್ಟ್ ಹಾಕಿದರು. ಹೊಸ ಮರದ ತುದಿಗೆ ಪ್ಲಾಸ್ಟಿಕ್ ಹಾಳೆ ಸುತ್ತಿ ಗೋಡೆಯೊಳಗೆ ಕೂರಿಸಿದರು. "ಈಗಲೇ ಮುಚ್ಚಬೇಡಿ. ಗೋಡೆ ಒಣಗಲಿ, ಬೇಸಿಗೆ ದಾಟಲಿ" ಅಂದರು. ನಾವು ಕಾದೆವು. ಒದ್ದೆ ಮರದ ಪಕ್ಕ ಫೋಮ್ ತುರುಕಿ ಮೇಲೆ ಹಲಗೆ ಹೊಡೆದರೆ, ಒಳಗೆ ಏನಾಗುತ್ತಿದೆ ಅಂತ ಮುಂದೆ ಯಾರಿಗೂ ಕಾಣುವುದಿಲ್ಲ.

ಬೋರ್ಡುಗಳ ಬಗ್ಗೆ ಹೇಳಬೇಕು. ಸುಲಭವಾಗಿ ಸಿಗುವುದು ಮೂರು ಜಾತಿ. ಮೊದಲನೆಯದು ಇಪಿಎಸ್. ಟಿವಿ ಡಬ್ಬದಲ್ಲಿ, ಗಣೇಶನ ಮಂಟಪದಲ್ಲಿ ನೋಡುವ ನಮ್ಮ ಥರ್ಮೋಕೋಲ್ ಇದೇ. ಸಣ್ಣ ಮಣಿಗಳನ್ನು ಹಬೆಯಲ್ಲಿ ಉಬ್ಬಿಸಿ ಅಂಟಿಸಿದ್ದು. ನೂರರಲ್ಲಿ 98 ಪಾಲು ಬರೀ ಗಾಳಿ. ಎರಡನೆಯದು ಎಕ್ಸ್‌ಪಿಎಸ್. ಅದೇ ಪಾಲಿಸ್ಟೈರೀನ್, ಆದರೆ ಕರಗಿಸಿ ಒತ್ತಿ ತೆಗೆದದ್ದು. ಒಳಗಿನ ಗುಳ್ಳೆಗಳು ಮುಚ್ಚಿಕೊಂಡಿರುವುದರಿಂದ ನೀರು ಹೀರುವುದು ತೀರಾ ಕಡಿಮೆ. ಅಮೆರಿಕದಲ್ಲಿ ಡೌ ಕಂಪನಿ ಇದನ್ನು 1940ರ ದಶಕದಲ್ಲಿ ಸ್ಟೈರೋಫೋಮ್ ಅಂತ ಮಾಡತೊಡಗಿದಾಗ ಮೊದಮೊದಲು ಬಳಸಿದ್ದು ಮನೆಗೆ ಅಲ್ಲ. ನೀರಲ್ಲಿ ಮುಳುಗುವುದಿಲ್ಲ ಅಂತ 1942ರಲ್ಲಿ ಅಲ್ಲಿಯ ಕೋಸ್ಟ್ ಗಾರ್ಡ್ ಅದನ್ನು ಜೀವರಕ್ಷಕ ತೆಪ್ಪಕ್ಕೆ ಹಾಕಿತು. ಮೂರನೆಯದು ಪಿಐಆರ್. ಹಳದಿ ಫೋಮ್, ಎರಡೂ ಕಡೆ ಅಲ್ಯೂಮಿನಿಯಂ ಹಾಳೆ.

ಶಾಖ ದಾಟಿಸುವ ಗುಣವನ್ನು ಒಂದು ಅಂಕಿಯಲ್ಲಿ ಹೇಳುತ್ತಾರೆ, ಅದು ಕಡಿಮೆ ಇದ್ದಷ್ಟೂ ಒಳ್ಳೆಯದು. ಬಿಳಿ ಇಪಿಎಸ್‌ಗೆ ಅದು ಸುಮಾರು 0.038, ಎಕ್ಸ್‌ಪಿಎಸ್‌ಗೆ ಸುಮಾರು 0.033, ಪಿಐಆರ್‌ಗೆ 0.022. ನಮ್ಮ ಜಂತೆಗಳ ಆಳ ಹತ್ತಿರಹತ್ತಿರ 175 ಮಿಲಿಮೀಟರ್. ಅದರಲ್ಲಿ 100 ಮಿಲಿಮೀಟರ್ ಪಿಐಆರ್ ಕೂರಿಸಿದರೂ ಅಡಿಯಲ್ಲಿ ಗಾಳಿಗೆ ಧಾರಾಳ ಜಾಗ ಉಳಿಯುತ್ತದೆ. ಇಲ್ಲಿಯ ಕಟ್ಟಡ ನಿಯಮದ ಪ್ರಕಾರ ಹಳೆ ನೆಲ ಬಿಚ್ಚಿ ಸುಧಾರಿಸುವಾಗ ಮುಟ್ಟಬೇಕಾದ ಯು ಮೌಲ್ಯ (ಇಡೀ ನೆಲದಿಂದ ಶಾಖ ಎಷ್ಟು ಸೋರುತ್ತದೆ ಅನ್ನುವ ಅಳತೆ, ಇದೂ ಕಡಿಮೆ ಇದ್ದಷ್ಟೂ ಒಳ್ಳೆಯದು) 0.25. ಜಂತೆಯ ಮರದಿಂದ ಹೋಗುವ ಶಾಖ ಸೇರಿಸಿದರೂ 100 ಮಿಲಿಮೀಟರಿಗೆ ಅದು ಸಿಗುತ್ತದೆ. ಇನ್ನೊಂದು ಸಣ್ಣ ವಿಷಯ, ಆದರೆ ದೊಡ್ಡದು. ಪಾಲಿಸ್ಟೈರೀನ್ ಪಿವಿಸಿ ವೈರಿಗೆ ತಾಗಿಕೊಂಡಿದ್ದರೆ ವೈರಿನ ಹೊದಿಕೆಯನ್ನು ಮೆತ್ತಗಿಡುವ ಅಂಶವನ್ನು ಹೀರಿಬಿಡುತ್ತದೆ. ವರ್ಷಗಳಲ್ಲಿ ವೈರಿನ ಹೊದಿಕೆ ಗಡುಸಾಗಿ ಬಿರಿಯುತ್ತದೆ. ನೆಲದಡಿ ವೈರು ಓಡಿಸಿರುವ ಮನೆಯಲ್ಲಿ ಇದನ್ನು ಮರೆಯಬಾರದು.

ಪಿಐಆರ್ ಆಯ್ಕೆ ಮಾಡುವಾಗ ಮನಸ್ಸಿಗೆ ಒಂದು ಭಾರ ಇದ್ದೇ ಇತ್ತು. 2017ರ ಜೂನ್ 14ರ ರಾತ್ರಿ ಲಂಡನ್ನಿನ ಗ್ರೆನ್‌ಫೆಲ್ ಟವರ್ ಹೊತ್ತಿ ಉರಿದು 72 ಜನ ಸತ್ತರು. ಬೆಂಕಿ ಅಷ್ಟು ಬೇಗ ಹಬ್ಬಲು ಮುಖ್ಯ ಕಾರಣ ಹೊರಗೋಡೆಗೆ ಹೊಡೆದಿದ್ದ, ನಡುವೆ ಪಾಲಿಎಥಿಲೀನ್ ಇದ್ದ ಅಲ್ಯೂಮಿನಿಯಂ ಹಾಳೆಗಳು ಅಂತ ತನಿಖೆ ಹೇಳಿತು. ಅದರ ಹಿಂದಿದ್ದ ಫೋಮ್ ಬೋರ್ಡುಗಳೂ ಬೆಂಕಿಗೆ ತಮ್ಮ ಪಾಲು ಸೇರಿಸಿದವು. ಅವುಗಳಲ್ಲಿ ಹೆಚ್ಚಿನವು ಪಿಐಆರ್. ಈ ದೇಶದಲ್ಲಿ ಇದ್ದುಕೊಂಡು ಆ ಬೋರ್ಡು ಮನೆಗೆ ತರುವಾಗ ಆ ಕಟ್ಟಡ ನೆನಪಿಗೆ ಬರದಿದ್ದರೆ ಹೇಗೆ? ಎತ್ತರದ ಕಟ್ಟಡದ ಹೊರಗೋಡೆ ಬೇರೆ, ಎರಡಂತಸ್ತಿನ ಮನೆಯ ನೆಲದಡಿ ಬೇರೆ. ಆದರೂ ಪಿಐಆರ್ ಉರಿದರೆ ಬರುವ ಹೊಗೆಯಲ್ಲಿ ಹೈಡ್ರೋಜನ್ ಸಯನೈಡ್ ಇರುತ್ತದೆ, ಅದು ಎಲ್ಲಿದ್ದರೂ ವಿಷವೇ. ಹಾಗಾಗಿ ಮೊದಲೇ ನಿರ್ಧರಿಸಿದೆವು: ಎಲ್ಲೂ ಫೋಮ್ ಬರಿಗಣ್ಣಿಗೆ ಕಾಣುವ ಹಾಗೆ ಬಿಡಬಾರದು.

ಸೆಲ್ಲರಿನ ಕೆಲಸ ಸಲೀಸು. ಕೆಳಗೆ ನಿಂತು ತಲೆಯ ಮೇಲಿನ ಜಂತೆಗಳ ನಡುವೆ ಬೋರ್ಡು ಒತ್ತಿ, ಹಲಗೆಗೆ ತಾಗಿಸಿ, ಅಡಿಗೆ ಪಟ್ಟಿ ಹೊಡೆದರೆ ಆಯಿತು. ಆಮೇಲೆ ಇಡೀ ಚಾವಣಿಗೆ 12.5 ಮಿಲಿಮೀಟರ್ ಜಿಪ್ಸಮ್ ಬೋರ್ಡು ಹೊಡೆಸಿ ಸಂದಿ ತುಂಬಿಸಿದೆವು. ಅಲ್ಲೇ ಗ್ಯಾಸ್ ಮೀಟರ್, ಕರೆಂಟ್ ಮೀಟರ್ ಇರುವುದರಿಂದ ಇದನ್ನು ಬಿಡುವ ಹಾಗೇ ಇರಲಿಲ್ಲ. ಸೆಲ್ಲರಿನ ಬಾಗಿಲನ್ನು ಬಹಳ ಜನ ಮರೆಯುತ್ತಾರೆ. ಅದರಾಚೆ ಈಗ ಹೊರಗಿನಷ್ಟೇ ಚಳಿ, ಅಂದರೆ ಅದು ಒಂದು ಹೊರಬಾಗಿಲೇ. ಸುತ್ತ ರಬ್ಬರ್ ಪಟ್ಟಿ ಹಾಕಿದೆವು. ಮೆಟ್ಟಿಲಿನ ಅಡಿಗೆ ಮಿಕ್ಕ ತುಂಡುಗಳನ್ನು ಕೂರಿಸಿ, ಅದಕ್ಕೂ ಜಿಪ್ಸಮ್ ಹೊಡೆಸಿದೆವು.

ಹಿಂದಿನ ಕೋಣೆಯೇ ನಿಜವಾದ ಕೆಲಸ. ಅಲ್ಲಿ ಕೆಳಗಿಂದ ಹೋಗುವ ದಾರಿ ಇಲ್ಲ, ಹಲಗೆ ಕೀಳಲೇಬೇಕು. ಹಳೇ ಹಲಗೆಗೆ ಹೊಡೆದಿರುವುದು ಚಪ್ಪಟೆ ಮೊಳೆ. ಸಣ್ಣ ಹಾರೆ ಹಾಕಿ ಮೊಳೆ ಇರುವ ಕಡೆಯೇ ನಿಧಾನ ಮೀಟಬೇಕು, ಅವಸರ ಮಾಡಿದರೆ ಹಲಗೆ ಸೀಳುತ್ತದೆ. ಒಂದೊಂದರ ಹಿಂಭಾಗಕ್ಕೂ ಸೀಮೆಸುಣ್ಣದಲ್ಲಿ ನಂಬರ್ ಬರೆದು ಗೋಡೆಗೆ ಒರಗಿಸಿದೆವು. ಹಲಗೆ ಎದ್ದ ಮೇಲೆ ಕಂಡದ್ದು ಒಡೆದ ಇಟ್ಟಿಗೆ, ಗಾರೆ ಪುಡಿ, ಅಂದಿನ ಬಡಗಿ ಬಿಟ್ಟುಹೋದ ಮರದ ಸಿಪ್ಪೆ. ಮರದ ಕಸವನ್ನೆಲ್ಲ ಬಾಚಿ ತೆಗೆದೆವು, ಯಾಕೆಂದರೆ ತೇವದಲ್ಲಿ ಮೊದಲು ಕೊಳೆಯುವುದು ಅದೇ.

ಜಂತೆಗಳ ನಡುವಿನ ಅಂತರ ಹೆಸರಿಗೆ 400 ಮಿಲಿಮೀಟರ್. ಅಳೆದರೆ ಒಂದು ಇನ್ನೊಂದರಂತಿಲ್ಲ. ಒಂದೇ ಸಂದಿಯ ಈ ತುದಿಗೂ ಆ ತುದಿಗೂ ಬೆರಳಗಲ ವ್ಯತ್ಯಾಸ. ಪ್ರತಿಯೊಂದನ್ನೂ ಬೇರೆ ಅಳೆದು ಬೇರೆ ಕತ್ತರಿಸಬೇಕು. ಬಿಗಿಯಾಗಿ ಕೂರುವಂತೆ ಕತ್ತರಿಸಲು ಹೋದರೆ ಓರೆಯಾದ ಜಂತೆಯಲ್ಲಿ ಸಿಕ್ಕಿಕೊಳ್ಳುತ್ತದೆ. ಎರಡೂ ಕಡೆ ಸ್ವಲ್ಪ ಸಂದಿ ಬಿಟ್ಟು, ಗನ್ನಿನಿಂದ ಉಬ್ಬುವ ಫೋಮ್ ತುಂಬುವುದು ಒಳ್ಳೆಯದು. ಕತ್ತರಿಸುವಾಗ ಏಳುವ ಹಳದಿ ಪುಡಿ ಮೈಗೆ ಹತ್ತಿದರೆ ಕೆರೆತ, ಎದೆಗೆ ಹೋಗಲೇಬಾರದು. ಒಳ್ಳೆ ಮಾಸ್ಕ್ ಇಲ್ಲದೆ ಗರಗಸ ಮುಟ್ಟಬೇಡಿ. ಮನೆಯೊಳಗಂತೂ ಬೇಡ, ಅಂಗಳದಲ್ಲಿ ಕತ್ತರಿಸಿ.

ಜಂತೆಯ ಪಕ್ಕೆಗೆ ಮರದ ಪಟ್ಟಿ ಹೊಡೆದು, ಅದರ ಮೇಲೆ ಬೋರ್ಡು ಕೂರಿಸಿದೆವು. ಬೋರ್ಡಿನ ಮೇಲ್ಮೈ ಜಂತೆಯ ಮೇಲ್ಮೈಗೆ ಸರಿಸಮ ಬರಬೇಕು. ಈ ಒಂದು ವಿಷಯಕ್ಕೆ ನಾನು ಎಷ್ಟು ಒತ್ತು ಕೊಟ್ಟರೂ ಸಾಲದು. ಬೋರ್ಡು ಒಂದಿಷ್ಟು ಕೆಳಗೆ ಕೂತರೆ, ಹಲಗೆಗೂ ಬೋರ್ಡಿಗೂ ನಡುವೆ ಖಾಲಿ ಜಾಗ ಉಳಿಯುತ್ತದೆ. ಪಕ್ಕದ ಸಂದಿಯಿಂದ ತಣ್ಣನೆ ಗಾಳಿ ಅಲ್ಲಿಗೆ ಹತ್ತುತ್ತದೆ. ಆಮೇಲೆ ಕೆಳಗಿರುವುದು 100 ಮಿಲಿಮೀಟರ್ ಆದರೂ 200 ಆದರೂ ಒಂದೇ. ಸ್ವೆಟರ್ ತೊಟ್ಟು ಅದರ ಗುಂಡಿ ಹಾಕದೆ ಗಾಳಿಗೆ ನಿಂತ ಹಾಗೆ. ಕಾಗದದ ಮೇಲೆ ಲೆಕ್ಕ ಸರಿ ಇರುತ್ತದೆ, ಕಾಲಿಗೆ ಮಾತ್ರ ಚಳಿ ಹಾಗೇ.

ಅದಕ್ಕೇ ಸಂದಿಗಳಿಗೆ ಫೋಮ್ ತುಂಬಿ, ಒಣಗಿದ ಮೇಲೆ ಚಾಕುವಿನಿಂದ ಸಮ ಮಾಡಿ, ಮೇಲೆ ಅಲ್ಯೂಮಿನಿಯಂ ಟೇಪ್ ಅಂಟಿಸಿದೆವು. ಅದರ ಮೇಲೆ ಇಡೀ ಕೋಣೆಗೆ ಗಾಳಿ ತಡೆಯುವ ಹಾಳೆ ಹಾಸಿ, ಅಂಚನ್ನು ಗೋಡೆಗೆ ಅಂಟಿಸಿದೆವು. ಅತಿ ಕಷ್ಟದ್ದು ಗೋಡೆಗೂ ಮೊದಲ ಜಂತೆಗೂ ನಡುವಿನ ಕಿರು ಸಂದಿ. ಕೈ ಹೋಗುವುದಿಲ್ಲ, ಅಗಲ ಒಂದೇ ಸಮ ಇಲ್ಲ. ಕೆಲಸದವರು ಸಾಮಾನ್ಯವಾಗಿ ಬಿಟ್ಟುಬಿಡುವುದು ಇದನ್ನೇ. ಆದರೆ ನೆಲದ ಶಾಖ ಹೆಚ್ಚು ಸೋರುವುದು ಹೊರಗೋಡೆಯ ಅಂಚಿನಲ್ಲೇ. ಅಲ್ಲಿ ಸಣ್ಣ ಪಟ್ಟಿಗಳನ್ನು ಇಳಿಸಿ, ಸುತ್ತ ಫೋಮ್ ತುಂಬಿದೆವು. ಇಡೀ ಕೋಣೆಯ ಬೋರ್ಡಿಗೆ ಹಿಡಿದಷ್ಟು ತಾಳ್ಮೆಯನ್ನು ಆ ಎರಡು ಅಂಚುಗಳೇ ತಿಂದವು.

ಹೀಟಿಂಗ್ ಪೈಪುಗಳು ಬೋರ್ಡಿನ ಅಡಿಯಲ್ಲೇ ಉಳಿದವು. ಟೊಳ್ಳು ಈಗ ಮೊದಲಿಗಿಂತ ತಣ್ಣಗೆ, ಆದ್ದರಿಂದ ಅವಕ್ಕೆ ದಪ್ಪ ಕವಚ ಹಾಕಿಸಬೇಕಾಯಿತು. ಹಲಗೆ ಮರಳಿ ಕೂರಿಸುವಾಗ ಮೊಳೆ ಬದಲು ಸ್ಕ್ರೂ ಹಾಕಿದೆವು. ಮುಂದೆ ಯಾರಿಗಾದರೂ ಒಳಗೆ ಏನಿದೆ ನೋಡಬೇಕು ಅನ್ನಿಸಿದರೆ ಸುಲಭ. ಈ ಕಾರಣಕ್ಕೇ, ಕೆಳಗಿನಿಂದ ಸ್ಪ್ರೇ ಫೋಮ್ ಹೊಡೆದುಕೊಡುತ್ತೇವೆ ಅಂತ ಬಂದವರಿಗೆ ಬೇಡ ಅಂದಿದ್ದೆವು. ಅದು ಮರಕ್ಕೆ ಅಂಟಿಕೊಂಡುಬಿಡುತ್ತದೆ. ಬೋರ್ಡನ್ನಾದರೆ ತೆಗೆದು, ಮರ ನೋಡಿ, ಮತ್ತೆ ಇಡಬಹುದು.

ಖರ್ಚಿನ ಬಗ್ಗೆ ಒಂದು ಮಾತು. 2022ರ ಏಪ್ರಿಲ್‌ನಿಂದ ಇನ್ಸುಲೇಷನ್ ಕೆಲಸಕ್ಕೆ ಇಲ್ಲಿ ವ್ಯಾಟ್ ಸೊನ್ನೆ. ಆದರೆ ಕಂಟ್ರಾಕ್ಟರ್ ತಂದು ಹಾಕಿದರೆ ಮಾತ್ರ. ನೀವೇ ಅಂಗಡಿಯಿಂದ ಬೋರ್ಡು ತಂದು ಹಾಕಿಕೊಂಡರೆ ಶೇಕಡ 20 ಕಟ್ಟಬೇಕು. ದುಡ್ಡಿಲ್ಲದವರೇ ಸ್ವಂತ ಕೈಯಿಂದ ಮಾಡಿಕೊಳ್ಳುವುದು ಜಾಸ್ತಿ. ತೆರಿಗೆ ಬೀಳುವುದು ಅವರ ಮೇಲೇ. ಇದು ನನಗೆ ಸರಿ ಕಾಣುವುದಿಲ್ಲ.

ಫೋಮ್ ಪೆಟ್ರೋಲಿಯಂನಿಂದ ಬಂದದ್ದು, ಮಣ್ಣಿಗೆ ಸೇರುವಂಥದ್ದಲ್ಲ. ಹಿಂದೆ ಇಂಥ ಫೋಮ್ ಉಬ್ಬಿಸಲು ಓಜೋನ್ ಪದರ ಕೆಡಿಸುವ ಸಿಎಫ್‌ಸಿ ಅನಿಲ ಬಳಸುತ್ತಿದ್ದರು, 1987ರ ಮಾಂಟ್ರಿಯಲ್ ಒಪ್ಪಂದದ ನಂತರ ಅದು ನಿಂತಿತು. ಈಗ ಪಿಐಆರ್‌ಗೆ ಸಾಮಾನ್ಯವಾಗಿ ಪೆಂಟೇನ್ ಬಳಸುತ್ತಾರೆ. ಮರದ ನಾರಿನ ಬೋರ್ಡು ಇನ್ನೂ ಒಳ್ಳೆಯದು ಅನ್ನುವವರಿದ್ದಾರೆ, ತೇವದ ವಿಷಯದಲ್ಲಿ ಅವರ ಮಾತು ಸರಿ. ಆದರೆ ಅಷ್ಟೇ ಬೆಚ್ಚಗಿರಬೇಕಾದರೆ ದಪ್ಪ ಹೆಚ್ಚುಕಡಿಮೆ ದುಪ್ಪಟ್ಟು ಬೇಕು. ನಮ್ಮ ಜಂತೆಯ ಆಳ ಅದಕ್ಕೆ ಸಾಲುತ್ತಿರಲಿಲ್ಲ.

ಮೊದಲು ಚಳಿಗಾಲದಲ್ಲಿ ಇನ್ಫ್ರಾರೆಡ್ ಥರ್ಮಾಮೀಟರ್ ಹಿಡಿದರೆ ಹಿಂದಿನ ಕೋಣೆಯ ಅಂಚಿನಲ್ಲಿ 14 ಡಿಗ್ರಿ ತೋರಿಸುತ್ತಿತ್ತು. ಈಗ ಕೋಣೆ 19 ಇದ್ದಾಗ ಅಂಚೂ 18ರ ಹತ್ತಿರ ಇರುತ್ತದೆ. ಅದಕ್ಕಿಂತ ದೊಡ್ಡ ವ್ಯತ್ಯಾಸ ಗಾಳಿಯದ್ದು. ಗಾಳಿ ಬೀಸುವ ರಾತ್ರಿ ಕಾಲಿನ ಗಿಣ್ಣಿನ ಹತ್ತಿರ ಸುಳಿಯುತ್ತಿದ್ದ ಚಳಿ ಈಗ ಇಲ್ಲ. ಅಮ್ಮ ಈ ಸಲ ಬಂದಾಗ ಕಾಲುಚೀಲ ಬಿಚ್ಚಿಟ್ಟು ಕೂತಿದ್ದಳು. ನಾನು ಹಲಗೆಯ ಒಂದು ತುಂಡನ್ನು ತೆಗೆಯಲು ಬರುವ ಹಾಗೆ ಬಿಟ್ಟಿದ್ದೇನೆ. ಚಳಿಗಾಲ ಮುಗಿಯುವ ಹೊತ್ತಿಗೆ ಅಲ್ಲಿಂದ ಮೀಟರ್ ಇಳಿಸಿ ಜಂತೆಯ ತುದಿ ನೋಡುತ್ತೇನೆ. ಇಲ್ಲಿಯವರೆಗೆ ಒಣಗೇ ಇದೆ.

ಉಳಿದದ್ದು ಅಡುಗೆಮನೆಯ ಕಾಂಕ್ರೀಟು. ಅಲ್ಲಿ ಬೋರ್ಡು ಜಂತೆಯ ನಡುವೆ ಕೂರುವುದಿಲ್ಲ, ಫ್ರಿಜ್ಜು, ವಾಷಿಂಗ್ ಮಷೀನು, ಮನುಷ್ಯರು ಎಲ್ಲರ ಭಾರ ಹೊರಬೇಕು. ಭಾರಕ್ಕೆ ಹೆದರಬೇಕಿಲ್ಲ. ಇಪಿಎಸ್ 100 ಅನ್ನುವ ದರ್ಜೆಯನ್ನು ಶೇಕಡ 10ರಷ್ಟು ಅಮುಕಲು ಒಂದು ಚದರ ಮೀಟರಿಗೆ ಸುಮಾರು 10 ಟನ್ ಬೇಕು. ಹೆದರಬೇಕಾದ್ದು ಅಗೆಯುವುದಕ್ಕೆ. ಈ ಕಾಲದ ಮನೆಗಳ ಅಡಿಪಾಯ ಎಷ್ಟೋ ಕಡೆ ನೆಲದಡಿ ಕೆಲವೇ ಸಾಲು ಇಟ್ಟಿಗೆ. ಅದಕ್ಕಿಂತ ಕೆಳಗೆ ಅಗೆದರೆ ಗೋಡೆಯೇ ಕುಸಿಯಬಹುದು. ಮೊದಲು ಮೂಲೆಯಲ್ಲಿ ಒಂದು ಸಣ್ಣ ಗುಂಡಿ ತೋಡಿ ಅಡಿಪಾಯ ಎಲ್ಲಿಗೆ ನಿಲ್ಲುತ್ತದೆ ನೋಡಬೇಕು. ಆಳ ಇದ್ದರೆ ಹಳೆ ಕಾಂಕ್ರೀಟು ತೆಗೆದು, ಪ್ಲಾಸ್ಟಿಕ್ ಹಾಳೆ, ಬೋರ್ಡು, ಹೊಸ ಕಾಂಕ್ರೀಟು ಹಾಕುತ್ತೇವೆ. ಇಲ್ಲದಿದ್ದರೆ ಇರುವ ನೆಲದ ಮೇಲೇ 25 ಮಿಲಿಮೀಟರ್ ಎಕ್ಸ್‌ಪಿಎಸ್ ಹಾಸಿ, ಮೇಲೆ ಪ್ಲೈವುಡ್ ಹಾಕುವುದು. ಹಾಗಾದರೆ ಹಿತ್ತಿಲ ಬಾಗಿಲಿನ ಅಡಿ ಅಷ್ಟು ಕತ್ತರಿಸಬೇಕಾಗುತ್ತದೆ.